ಗ್ರಾಚ್ಯುಟಿಯಲ್ಲಿ 3.80 ಲಕ್ಷ ಮುರಿದುಕೊಳ್ಳುತ್ತೇವೆ ಎನ್ನುತ್ತಿದೆ ಬ್ಯಾಂಕು. ನಾನು ಯಾರ ಹತ್ತಿರ ಹೋಗಲಿ?

ಪ್ರಶ್ನೆ: ಮೇಡಂ, ನಾನು ಒಂದು ಪಟ್ಟಣ ಸಹಕಾರಿ ಬ್ಯಾಂಕಿನಲ್ಲಿ ಕೆಲಸ ಮಾಡಿ 2024ರ ಮೇ 31ಕ್ಕೆ ಶಾಖಾ ವ್ಯವಸ್ಥಾಪಕನಾಗಿ ನಿವೃತ್ತನಾದೆ. 1992ರ ಅಕ್ಟೋಬರ್ 1ರಂದು ತಾತ್ಕಾಲಿಕ ಗುಮಾಸ್ತನಾಗಿ ಸೇರಿದ್ದೆ. 1998ರ ಏಪ್ರಿಲ್‌ನಲ್ಲಿ ಕಾಯಂ ಮಾಡಿದರು. ಗುಮಾಸ್ತನಾಗಿ ಸೇರುವ ಮೊದಲು ಎರಡು ವರ್ಷ ಇದೇ ಬ್ಯಾಂಕಿಗೆ ಪಿಗ್ಮಿ ಕಲೆಕ್ಷನ್ ಮಾಡಿದ್ದೆ. ಕೊನೆಯ ತಿಂಗಳ ಮೂಲ ವೇತನ 39,000, ಡಿಎ (ತುಟ್ಟಿಭತ್ಯೆ) 13,000. ಬ್ಯಾಂಕಿನವರು ಕಾಯಂ ಆದ ದಿನದಿಂದ ಲೆಕ್ಕ ಹಿಡಿದು, ಬರೀ ಮೂಲ ವೇತನದ ಮೇಲೆ 5,07,000 ರೂಪಾಯಿ ಗ್ರಾಚ್ಯುಟಿ ಬರೆದಿದ್ದಾರೆ. ನಿವೃತ್ತಿಯಾಗಿ ಐದು ತಿಂಗಳ ಮೇಲೆ ಒಂದು ಪತ್ರ ಬಂತು. ನಾನು ಶಿಫಾರಸು ಮಾಡಿದ ಮೂರು ಸಾಲ ಎನ್‌ಪಿಎ (ಮರುಪಾವತಿ ನಿಂತ ಸಾಲ) ಆಗಿವೆ, ಆಡಿಟ್‌ನಲ್ಲಿ ಆಕ್ಷೇಪ ಬಂದಿದೆ, ಆದ್ದರಿಂದ 3,80,000 ಮುರಿದುಕೊಳ್ಳುತ್ತೇವೆ ಅಂತ. ಉಳಿದದ್ದನ್ನೂ ಕಂತಿನಲ್ಲಿ ಕೊಡ್ತಾರಂತೆ, ಬ್ಯಾಂಕಿನ ಪರಿಸ್ಥಿತಿ ಸರಿ ಇಲ್ಲವಂತೆ. ಬಳಸದೆ ಉಳಿದ 240 ದಿನದ ರಜೆ ಹಣವೂ ಬಂದಿಲ್ಲ. ಪಿಎಫ್ ಪಿಂಚಣಿ ನೋಡಿದರೆ ತೀರಾ ಕಡಿಮೆ. ಒಂದೂವರೆ ವರ್ಷ ದಾಟಿತು. ಪೂರ್ಣ ಬಾಬ್ತು ಸಂದಿದೆ ಎಂಬ ವೋಚರ್‌ಗೆ ರೆವಿನ್ಯೂ ಸ್ಟ್ಯಾಂಪ್ ಅಂಟಿಸಿ ಸಹಿ ಮಾಡಿ ಎಂದು ಒತ್ತಾಯ ಮಾಡುತ್ತಿದ್ದಾರೆ. ಇನ್ನೂ ಮಾಡಿಲ್ಲ. ಏನು ಮಾಡಲಿ?

ಉತ್ತರ: ಸಹಿ ಮಾಡದೇ ಇದ್ದದ್ದು ಒಳ್ಳೆಯದಾಯಿತು. ಅದನ್ನು ಸದ್ಯಕ್ಕೆ ಹಾಗೇ ಪಕ್ಕಕ್ಕಿಡಿ.

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಇದರಲ್ಲಿ ಗ್ರಾಚ್ಯುಟಿ, ರಜೆ ಹಣ, ಪಿಂಚಣಿ ಮೂರೂ ಕಲೆಸಿಹೋಗಿವೆ. ನಿವೃತ್ತರಾದ ಸಹಕಾರಿ ನೌಕರರು ಸೋಲುವುದು ಹೆಚ್ಚಾಗಿ ಇಲ್ಲೇ. ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ತುಂಬಿ, ಯಾರೋ ಹೇಳಿದ ಕಚೇರಿಗೆ ಕೊಟ್ಟುಬಿಡುತ್ತಾರೆ. ಎರಡು ವರ್ಷ ಆದ ಮೇಲೆ ‘ಇದು ನಮ್ಮ ವ್ಯಾಪ್ತಿಗೆ ಬರುವುದಿಲ್ಲ’ ಎಂಬ ಆದೇಶ ಕೈಗೆ ಬರುತ್ತದೆ. ಈ ಮೂರು ಹಣಕ್ಕೂ ಕಾನೂನು ಬೇರೆ, ಕಚೇರಿಯೂ ಬೇರೆ. ಮೊದಲು ಇವನ್ನು ಬಿಡಿಸಿಕೊಳ್ಳೋಣ.

ಗ್ರಾಚ್ಯುಟಿಯಿಂದಲೇ ಶುರು ಮಾಡುತ್ತೇನೆ. ದೊಡ್ಡ ಮೊತ್ತ ಅದೇ, ನಿಮ್ಮ ಕೈ ಮೇಲಿರುವುದೂ ಅದರಲ್ಲೇ.

ಬ್ಯಾಂಕು ಲೆಕ್ಕ ಹಾಕಿದ್ದು ಹೇಗೆ ಗೊತ್ತಾ? 39,000ವನ್ನು 30ರಿಂದ ಭಾಗಿಸಿ, 15ರಿಂದ ಗುಣಿಸಿ, 26 ವರ್ಷಕ್ಕೆ ಹಿಡಿದಿದೆ. ಸರಿಯಾಗಿ 5,07,000 ಬರುತ್ತದೆ. ಇದರಲ್ಲಿ ಮೂರು ತಪ್ಪಿದೆ. 1972ರ ಗ್ರಾಚ್ಯುಟಿ ಪಾವತಿ ಕಾಯ್ದೆಯಲ್ಲಿ ವೇತನ ಎಂದರೆ ಮೂಲ ವೇತನಕ್ಕೆ ಡಿಎ ಕೂಡಿಸಿದ್ದು. ಮನೆ ಬಾಡಿಗೆ ಭತ್ಯೆ, ಬೋನಸ್, ಓವರ್‌ಟೈಮ್ ಸೇರುವುದಿಲ್ಲ, ಡಿಎ ಸೇರಲೇಬೇಕು. ತಿಂಗಳ ಸಂಬಳದವರಿಗೆ ಭಾಗಿಸಬೇಕಾದ್ದು 26ರಿಂದ. ವಾರದ ರಜೆ ಕಳೆದು ತಿಂಗಳಿಗೆ 26 ದಿನ ಕೆಲಸ ಎಂಬ ಲೆಕ್ಕ ಅದು, ಕಾಯ್ದೆಯಲ್ಲೇ ಬರೆದಿದೆ. ಇನ್ನು ಸೇವೆ. ಆರು ತಿಂಗಳಿಗಿಂತ ಜಾಸ್ತಿ ಇರುವ ತುಂಡು ಒಂದು ಪೂರ್ತಿ ವರ್ಷ ಆಗುತ್ತದೆ. 1992ರ ಅಕ್ಟೋಬರ್‌ನಿಂದ 2024ರ ಮೇವರೆಗೆ 31 ವರ್ಷ 8 ತಿಂಗಳು, ಅಂದರೆ 32 ವರ್ಷ.

ಈಗ ನೀವೇ ಹಾಕಿ ನೋಡಿ. 52,000ವನ್ನು 26ರಿಂದ ಭಾಗಿಸಿದರೆ 2,000. ಹದಿನೈದು ದಿನಕ್ಕೆ 30,000. ಮೂವತ್ತೆರಡು ವರ್ಷಕ್ಕೆ 9,60,000 ರೂಪಾಯಿ. ಬ್ಯಾಂಕು ಬರೆದುಕೊಟ್ಟದ್ದು ಹೆಚ್ಚು ಕಡಿಮೆ ಇದರ ಅರ್ಧ. 2018ರ ಮಾರ್ಚ್ 29ರಿಂದ ಕಾಯ್ದೆಯ ಗರಿಷ್ಠ ಮಿತಿ 20 ಲಕ್ಷ, ಹಾಗಾಗಿ ಮಿತಿಯ ಚಿಂತೆ ನಿಮಗಿಲ್ಲ.

ಬ್ಯಾಂಕಿನ ಸ್ವಂತ ಸೇವಾ ನಿಯಮದಲ್ಲಿ ಇದಕ್ಕಿಂತ ಉತ್ತಮ ದರ ಇದ್ದರೆ ಅದನ್ನೇ ಕೇಳಬಹುದು. ಆದರೆ ಎರಡರಿಂದಲೂ ಒಳ್ಳೆಯದನ್ನಷ್ಟೇ ಆರಿಸಿಕೊಳ್ಳುವಂತಿಲ್ಲ. ಮಹಾರಾಷ್ಟ್ರದ ಬೀಡ್ ಜಿಲ್ಲಾ ಕೇಂದ್ರ ಸಹಕಾರಿ ಬ್ಯಾಂಕಿನ ನೌಕರರು ದರಕ್ಕೆ ಒಪ್ಪಂದವನ್ನೂ ಗರಿಷ್ಠ ಮಿತಿಗೆ ಕಾಯ್ದೆಯನ್ನೂ ಹಿಡಿದು ಹೋಗಿದ್ದರು. 2006ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಯಾವುದಾದರೂ ಒಂದನ್ನು ಇಡಿಯಾಗಿ ತೆಗೆದುಕೊಳ್ಳಿ ಎಂದಿತು. ನಿಮ್ಮ ನಿಯಮದ ಪುಸ್ತಕ ಸಿಕ್ಕಿದರೆ ಎರಡೂ ಲೆಕ್ಕ ಹಾಕಿ, ಜಾಸ್ತಿ ಬರುವುದನ್ನು ಕೇಳಿ.

ತಾತ್ಕಾಲಿಕ ಸೇವೆಯ ಐದೂವರೆ ವರ್ಷ ಸಲ್ಲುವುದಿಲ್ಲ ಎಂದು ಬ್ಯಾಂಕಿನವರು ಖಂಡಿತ ವಾದಿಸುತ್ತಾರೆ. ಕಾಯ್ದೆ ನೋಡುವುದು ನಿರಂತರ ಸೇವೆಯನ್ನು, ಕಾಯಂ ಆದೇಶವನ್ನಲ್ಲ. ಮಧ್ಯೆ ಕಡಿತ ಆಗಿದೆ ಎಂದು ಅವರು ತೋರಿಸಿದರೂ, ವರ್ಷಕ್ಕೆ 240 ದಿನ ಕೆಲಸ ಮಾಡಿದ್ದರೆ ಆ ವರ್ಷ ನಿಮ್ಮದೇ. ಪ್ರಶ್ನೆ ಇರುವುದು ಸಾಕ್ಷ್ಯದ್ದು. ಹಾಜರಿ ಪುಸ್ತಕ ಇರುವುದು ಅವರ ಬೀರುವಿನಲ್ಲಿ, ಅಲ್ವಾ?

ನನ್ನ ಹತ್ತಿರ ಒಮ್ಮೆ ಒಬ್ಬ ನಿವೃತ್ತ ಜವಾನರು ಬಂದಿದ್ದರು. ಅವರ ಬ್ಯಾಂಕು ಒಂಬತ್ತು ವರ್ಷದ ದಿನಗೂಲಿ ಸೇವೆಯನ್ನೇ ಇಲ್ಲ ಎಂದಿತ್ತು. ಅವರ ರೆಕ್ಸಿನ್ ಚೀಲದಲ್ಲಿ ನೇಮಕಾತಿ ಪತ್ರ ಇರಲಿಲ್ಲ, ಸಂಬಳದ ಚೀಟಿ ಇರಲಿಲ್ಲ. ಪ್ಲಾಸ್ಟಿಕ್ ಕವರಿನಲ್ಲಿ ಮಡಚಿಟ್ಟ ಪಿಎಫ್‌ನ ಹಳೇ ವಾರ್ಷಿಕ ಚೀಟಿಗಳು ನಾಲ್ಕು ಇದ್ದವು. ಮಡಿಕೆಯ ಕಡೆ ಹರಿದು, ಮಸಿ ಮಾಸಿ, ಸಂಸ್ಥೆಯ ಕೋಡ್ ನಂಬರ್ ಮಾತ್ರ ಕಾಣುತ್ತಿತ್ತು. ಅಷ್ಟೇ ಸಾಕಾಯಿತು. ನೌಕರನೇ ಅಲ್ಲದವನಿಗೆ ಬ್ಯಾಂಕು ಪಿಎಫ್ ಕಟ್ಟಿದ್ದೇಕೆ ಎಂಬ ಒಂದು ಪ್ರಶ್ನೆಗೆ ಅವರ ಕಡೆಯಿಂದ ಉತ್ತರ ಬರಲಿಲ್ಲ. ನೀವೂ ಮನೆಯ ಟ್ರಂಕು, ಅಟ್ಟ ಎಲ್ಲ ಹುಡುಕಿ. 1998ಕ್ಕಿಂತ ಹಿಂದಿನ ಪಿಎಫ್ ಚೀಟಿ, ಬೋನಸ್ ಕೊಟ್ಟ ಕಾಗದ, ಶಾಖೆಯಿಂದ ಶಾಖೆಗೆ ಕಳಿಸಿದ ಆದೇಶ, ನಿಮ್ಮ ಸಹಿ ಇರುವ ಹಳೇ ಠೇವಣಿ ರಸೀದಿ, ಯಾವುದನ್ನೂ ಬಿಸಾಡಬೇಡಿ. ಆಗ ನಿಮ್ಮ ಜೊತೆ ಕೌಂಟರಿನಲ್ಲಿ ಕೂತಿದ್ದವರು ಒಬ್ಬಿಬ್ಬರು ಸಾಕ್ಷಿ ಹೇಳಿದರೆ ಇನ್ನೂ ಗಟ್ಟಿ. ಹಾಜರಿ ಪುಸ್ತಕ, ಸಂಬಳದ ರಿಜಿಸ್ಟರ್ ತರಿಸಿ ಎಂದು ಗ್ರಾಚ್ಯುಟಿ ವಿಚಾರಿಸುವ ಕಾರ್ಮಿಕ ಇಲಾಖೆಯ ಅಧಿಕಾರಿಯ ಮುಂದೆ ಅರ್ಜಿ ಹಾಕಿ. ತರದಿದ್ದರೆ ಅದು ಅವರಿಗೇ ತಿರುಗುತ್ತದೆ.

ಪಿಗ್ಮಿಯ ಎರಡು ವರ್ಷದ ವಿಷಯ ಇಷ್ಟು ಸಲೀಸಲ್ಲ. ಪಿಗ್ಮಿ ಹುಟ್ಟಿದ್ದೇ ನಮ್ಮ ಉಡುಪಿಯಲ್ಲಿ. 1928ರಲ್ಲಿ, ಮುಂದೆ ಸಿಂಡಿಕೇಟ್ ಬ್ಯಾಂಕ್ ಆದ ಸಂಸ್ಥೆ ಶುರು ಮಾಡಿದ್ದು. ಅದೇ ಬ್ಯಾಂಕಿನ ಪಿಗ್ಮಿ ಸಂಗ್ರಾಹಕರ ಪ್ರಕರಣದಲ್ಲಿ 2001ರಲ್ಲಿ ಸುಪ್ರೀಂ ಕೋರ್ಟ್ ಅವರನ್ನು ಕಾರ್ಮಿಕರೆಂದು ಒಪ್ಪಿತು. ಕಮಿಷನ್ ಎಂದು ಕರೆದರೂ ಅದು ಅವರ ಕೂಲಿಯೇ ಎಂದಿತು. ಗ್ರಾಚ್ಯುಟಿ ಕೊಡಿಸಿದ್ದ ತೀರ್ಪನ್ನು ಎತ್ತಿಹಿಡಿಯಿತು. ಇತ್ತ 1972ರ ಕಾಯ್ದೆಯ ವೇತನದ ವ್ಯಾಖ್ಯೆಯಲ್ಲಿ ಕಮಿಷನ್ ಹೊರಗಿದೆ. ಬ್ಯಾಂಕು ಅದನ್ನೇ ಹಿಡಿಯುತ್ತದೆ. ನನ್ನ ಸಲಹೆ ಇಷ್ಟು: ಆ ಎರಡು ವರ್ಷವನ್ನೂ ಕೇಳಿ, ಆದರೆ ಬೇರೆ ಪ್ಯಾರಾದಲ್ಲಿ ಕೇಳಿ. 32 ವರ್ಷದ ಗಟ್ಟಿ ಲೆಕ್ಕದ ಜೊತೆ ಬೆರೆಸಬೇಡಿ. ಅದು ನಿಂತರೆ ಇನ್ನೊಂದು 60,000 ಬರುತ್ತದೆ, ನಿಲ್ಲದಿದ್ದರೂ 9,60,000ಕ್ಕೆ ಏನೂ ಆಗುವುದಿಲ್ಲ.

ಈಗ ನಿಮ್ಮ ನಿದ್ದೆ ಕೆಡಿಸಿರುವ ಆ 3,80,000ಕ್ಕೆ ಬರೋಣ.

ಗ್ರಾಚ್ಯುಟಿಯನ್ನು ತಡೆಯಲು, ಮುರಿಯಲು ಬ್ಯಾಂಕಿಗೆ ಮನಸ್ಸು ಬಂದ ಹಾಗೆ ಅಧಿಕಾರವಿಲ್ಲ. ಕಾಯ್ದೆಯ 4ನೇ ಕಲಂನ 6ನೇ ಉಪಕಲಂ ಯಾವಾಗ ಮುಟ್ಟುಗೋಲು ಹಾಕಬಹುದು ಎಂದು ಹೇಳುತ್ತದೆ. ನೌಕರನ ಕೃತ್ಯದಿಂದ, ಬೇಕೆಂದೇ ಮಾಡಿದ ಲೋಪದಿಂದ ಅಥವಾ ನಿರ್ಲಕ್ಷ್ಯದಿಂದ ನಷ್ಟವಾಗಿ, ಆ ಕಾರಣಕ್ಕೆ ಅವನನ್ನು ಕೆಲಸದಿಂದ ತೆಗೆದಿದ್ದರೆ ನಷ್ಟದ ಮಟ್ಟಿಗೆ ಮುರಿಯಬಹುದು. ಹೊಡೆದಾಟ, ದೊಂಬಿ ಮಾಡಿ ವಜಾ ಆದರೆ, ಅಥವಾ ಕೆಲಸದ ವೇಳೆ ನೈತಿಕ ಅಧಃಪತನದ ಅಪರಾಧ ಮಾಡಿ ವಜಾ ಆದರೆ ಪೂರ್ತಿ ಅಥವಾ ಭಾಗಶಃ ತಡೆಯಬಹುದು. ಎರಡರಲ್ಲೂ ಮೊದಲ ಷರತ್ತು ಒಂದೇ: ಸೇವೆಯಿಂದ ತೆಗೆದಿರಬೇಕು. ನಿಮ್ಮನ್ನು ತೆಗೆದಿಲ್ಲ. ನೀವು ವಯಸ್ಸಾಗಿ, ಹಾರ ಹಾಕಿಸಿಕೊಂಡು ನಿವೃತ್ತರಾದವರು. ಸಾಲ ಎನ್‌ಪಿಎ ಆಯಿತು ಎಂದ ಮಾತ್ರಕ್ಕೆ ಅದು ಶಿಫಾರಸು ಮಾಡಿದವನ ತಪ್ಪು ಅಂತಲೂ ಆಗುವುದಿಲ್ಲ. ಮಂಜೂರು ಮಾಡಿದ್ದು ಸಾಲ ಸಮಿತಿಯೋ ಆಡಳಿತ ಮಂಡಳಿಯೋ ಇರಬೇಕು, ಆ ಠರಾವಿನ ತಾರೀಕು ನೆನಪಿದ್ದರೆ ಬರೆದಿಟ್ಟುಕೊಳ್ಳಿ.

ಬ್ಯಾಂಕಿನ ವಕೀಲರು 2020ರ ಮಹಾನದಿ ಕೋಲ್‌ಫೀಲ್ಡ್ಸ್ ತೀರ್ಪನ್ನು ಮುಂದಿಡಬಹುದು. ಅದು ಮೂವರು ನ್ಯಾಯಮೂರ್ತಿಗಳ ಪೀಠದ ತೀರ್ಪು, ಹಗುರ ಮಾಡಬೇಡಿ. ಇಲಾಖಾ ವಿಚಾರಣೆ ನಡೆಯುತ್ತಿರುವಾಗಲೇ ನೌಕರ ನಿವೃತ್ತನಾದರೂ, ಸೇವಾ ನಿಯಮದಲ್ಲಿ ಅವಕಾಶವಿದ್ದರೆ ವಿಚಾರಣೆ ಮುಂದುವರಿಸಬಹುದು, ಗ್ರಾಚ್ಯುಟಿ ತಡೆಯಬಹುದು, ವಜಾ ಶಿಕ್ಷೆಯನ್ನೂ ಕೊಡಬಹುದು ಎಂದು ಅದು ಹೇಳಿತು. 2025ರ ಫೆಬ್ರುವರಿಯಲ್ಲಿ ವೆಸ್ಟರ್ನ್ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಇನ್ನೊಂದು ಮಾತು ಬಂತು. ನೈತಿಕ ಅಧಃಪತನದ ಕಾರಣಕ್ಕೆ ತಡೆಯಲು ಕ್ರಿಮಿನಲ್ ಕೋರ್ಟಿನ ಶಿಕ್ಷೆಯೇ ಬೇಕೆಂದಿಲ್ಲ ಅಂತ. ಅಂದರೆ ಮಾಲೀಕರ ಕೈ ಈಚೆಗೆ ಸ್ವಲ್ಪ ಬಲವಾಗಿದೆ. ಆದರೂ ನಿಮ್ಮ ಪ್ರಕರಣಕ್ಕೆ ಅವು ತಾಗುವುದಿಲ್ಲ. ನೀವು ಸೇವೆಯಲ್ಲಿದ್ದಾಗ ಚಾರ್ಜ್‌ಶೀಟ್ ಕೊಟ್ಟಿಲ್ಲ. ಪತ್ರ ಬಂದದ್ದೇ ಐದು ತಿಂಗಳ ಮೇಲೆ.

ನಿಮಗೆ ಹತ್ತಿರದ ತೀರ್ಪು 2014ರದ್ದು, ಅದೂ ಉತ್ತರ ಪ್ರದೇಶದ ಸಹಕಾರಿ ನೌಕರರೊಬ್ಬರದು. ನಿವೃತ್ತಿಯ ನಂತರ ವಿಚಾರಣೆ ಮುಂದುವರಿಸಲು ಅಲ್ಲಿನ ಸೇವಾ ನಿಯಮದಲ್ಲಿ ಅವಕಾಶವೇ ಇರಲಿಲ್ಲ. ಹಾಗಾಗಿ ವಿಚಾರಣೆ ಬಿದ್ದುಹೋಯಿತು, ನಿವೃತ್ತಿ ಸೌಲಭ್ಯವನ್ನೆಲ್ಲ ಪೂರ್ತಿ ಕೊಡಿ ಎಂದು ಸುಪ್ರೀಂ ಕೋರ್ಟ್ ಹೇಳಿತು. ಆದ್ದರಿಂದ ನಿಮ್ಮ ಬ್ಯಾಂಕಿನ ಸೇವಾ ನಿಯಮವನ್ನು ಹೇಗಾದರೂ ತರಿಸಿಕೊಂಡು, ನಿವೃತ್ತಿಯ ನಂತರದ ವಿಚಾರಣೆ ಬಗ್ಗೆ ಏನಾದರೂ ಇದೆಯೇ ನೋಡಿ. ಬ್ಯಾಂಕಿಗೆ ಮಾಹಿತಿ ಹಕ್ಕಿನ ಅರ್ಜಿ ಹಾಕಿದರೆ ‘ನಾವು ಸಾರ್ವಜನಿಕ ಪ್ರಾಧಿಕಾರ ಅಲ್ಲ’ ಎಂದು ವಾಪಸ್ ಬರುವುದೇ ಹೆಚ್ಚು. 2013ರ ತಲಪ್ಪಲಂ ತೀರ್ಪಿನ ಬಲ ಅವರಿಗಿದೆ. ಅದೇ ತೀರ್ಪು ಇನ್ನೊಂದು ಮಾತನ್ನೂ ಹೇಳಿದೆ: ಸಹಕಾರ ಸಂಘಗಳ ನಿಬಂಧಕರು ಸಾರ್ವಜನಿಕ ಪ್ರಾಧಿಕಾರ, ಕಾನೂನಿನಂತೆ ಅವರು ತರಿಸಿಕೊಳ್ಳಬಹುದಾದ ಮಾಹಿತಿಯನ್ನು ಕೊಡಬೇಕು. ಅರ್ಜಿಯನ್ನು ಎ.ಆರ್. (ಸಹಕಾರ ಸಂಘಗಳ ಸಹಾಯಕ ನಿಬಂಧಕರ) ಕಚೇರಿಗೆ ಹಾಕಿ.

ಒಂದು ಮಾತು ಮುಚ್ಚಿಡಬಾರದು. ಗ್ರಾಚ್ಯುಟಿ ನಿಮ್ಮ ಕೈಗೆ ಬಂತು ಎಂದರೆ ಆ ಮೂರು ಸಾಲದ ವಿಷಯ ಮುಗಿಯಿತು ಎಂದಲ್ಲ. ಬ್ಯಾಂಕಿಗೆ ನಿಜವಾಗಿ ನಿಮ್ಮ ತಪ್ಪಿನಿಂದ ನಷ್ಟ ಆಗಿದೆ ಅನ್ನಿಸಿದರೆ, ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯಲ್ಲೇ ಅವರಿಗೆ ದಾರಿಯಿದೆ. 64ನೇ ಕಲಂನ ವಿಚಾರಣೆ, 69ನೇ ಕಲಂನ ಅಧಿಭಾರ (ನಷ್ಟವನ್ನು ಹೊಣೆಗಾರರಿಂದ ವಸೂಲು ಮಾಡುವ ಕ್ರಮ), ಇವು ಮಾಜಿ ಅಧಿಕಾರಿಗಳ ಮೇಲೂ ನಡೆಯುತ್ತವೆ. ಅಲ್ಲಿ ನೋಟಿಸು ಕೊಡಬೇಕು, ನಿಮ್ಮ ಮಾತು ಕೇಳಬೇಕು, ನಷ್ಟ ಎಷ್ಟು, ಯಾರ ತಪ್ಪು ಎಂದು ಸಾಬೀತು ಮಾಡಬೇಕು. ಅದೆಲ್ಲ ಬಿಟ್ಟು ಕ್ಯಾಲ್ಕುಲೇಟರಿನಲ್ಲಿ ಕಳೆದುಬಿಡುವುದು ಅನ್ಯಾಯ. ಹಾಗಾಗಿ ಬಂದಿರುವ ಪತ್ರಕ್ಕೆ ಉತ್ತರ ಕೊಡದೆ ಸುಮ್ನೆ ಕೂರಬೇಡಿ. ಸಾಲ ಕೊಟ್ಟಾಗ ಇದ್ದ ಅಡಮಾನ, ಸ್ಥಳ ಪರಿಶೀಲನೆ, ಮೌಲ್ಯಮಾಪಕರ ವರದಿ, ಮಂಜೂರಾತಿ ಠರಾವು ಎಲ್ಲವನ್ನೂ ಹೇಳಿ ಒಂದು ಪುಟದ ಲಿಖಿತ ಉತ್ತರ ಕಳಿಸಿ.

‘ಪರಿಸ್ಥಿತಿ ಸರಿ ಇಲ್ಲ, ಕಂತಿನಲ್ಲಿ ಕೊಡ್ತೀವಿ’ ಎಂಬ ಮಾತಿಗೆ ಕಾಯ್ದೆಯಲ್ಲಿ ಜಾಗವೇ ಇಲ್ಲ. ನೌಕರ ಅರ್ಜಿ ಕೊಡಲಿ ಬಿಡಲಿ, ಮೊತ್ತ ನಿಗದಿ ಮಾಡಿ ತಿಳಿಸುವುದು ಮಾಲೀಕರ ಹೊಣೆ, 30 ದಿನದೊಳಗೆ ಕೊಡಬೇಕು. ತಡವಾದರೆ ವರ್ಷಕ್ಕೆ ಶೇ 10ರ ಸರಳ ಬಡ್ಡಿ. ನಿಮ್ಮ 9,60,000ಕ್ಕೆ ತಿಂಗಳಿಗೆ 8,000 ಆಯಿತು, ಒಂದೂವರೆ ವರ್ಷಕ್ಕೆ 1,44,000. ಬಡ್ಡಿ ಕೊಡುವುದು ಬಿಡುವುದು ಅಧಿಕಾರಿಯ ಮರ್ಜಿಯಲ್ಲ. ನಮ್ಮದೇ ಕರ್ನಾಟಕ ಆಗ್ರೋ ಇಂಡಸ್ಟ್ರೀಸ್ ಕಾರ್ಪೊರೇಷನ್ನಿನ ನೌಕರರೊಬ್ಬರ ಪ್ರಕರಣದಲ್ಲಿ ಕೆಳಗೆ ನಿರಾಕರಿಸಿದ್ದ ಬಡ್ಡಿಯನ್ನು 2003ರಲ್ಲಿ ಸುಪ್ರೀಂ ಕೋರ್ಟ್ ಕೊಡಿಸಿತು. ತಡ ನೌಕರನ ತಪ್ಪಿನಿಂದಾಗಿ, ಅದಕ್ಕೆ ಅಧಿಕಾರಿಯ ಲಿಖಿತ ಅನುಮತಿಯನ್ನೂ ಪಡೆದಿದ್ದರೆ ಮಾತ್ರ ಮಾಲೀಕರಿಗೆ ವಿನಾಯಿತಿ.

ಹಣವಿಲ್ಲ ಎಂಬ ನೆಪವನ್ನು ಸಹಕಾರಿ ಬ್ಯಾಂಕುಗಳ ಬಾಯಲ್ಲಿ ಕೇಳಿ ಕೇಳಿ ನನಗೆ ಬೇಸರ ಬಂದಿದೆ. ಪಂಜಾಬಿನ ರಾಜ್ಯ ಸಹಕಾರಿ ಕೃಷಿ ಅಭಿವೃದ್ಧಿ ಬ್ಯಾಂಕು 1989ರಿಂದ ತನ್ನ ನೌಕರರಿಗೆ ಪಿಂಚಣಿ ಯೋಜನೆ ಮಾಡಿತ್ತು. ಕೊಡುತ್ತಾ ಬಂದು 2010ರಲ್ಲಿ ನಿಲ್ಲಿಸಿತು. 2014ರಲ್ಲಿ ನಿಯಮದಿಂದಲೇ ಕಿತ್ತುಹಾಕಿ, ಹಿಂದಿನವರಿಗೂ ಇಲ್ಲ ಎಂದಿತು. 2022ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ಆಗಲೇ ಕೈಸೇರಿದ ಹಕ್ಕನ್ನು ಹಿಂದಿನ ತಾರೀಕಿಗೆ ಕಿತ್ತುಕೊಳ್ಳುವಂತಿಲ್ಲ, ಹಣಕಾಸಿನ ಮುಗ್ಗಟ್ಟು ಅದಕ್ಕೆ ಕಾರಣವಾಗದು ಎಂದಿತು. ಬ್ಯಾಂಕು ಎಲ್ಐಸಿಯ ಗುಂಪು ಗ್ರಾಚ್ಯುಟಿ ಪಾಲಿಸಿ ಮಾಡಿಸಿದ್ದರೆ ಅಲ್ಲಿಂದ ಬರುವ ಹಣ ಎಷ್ಟಿದೆ ಎಂದು ಕೇಳಿ. ಪಾಲಿಸಿಯಲ್ಲಿ ಕಡಿಮೆ ಇದ್ದರೆ ಉಳಿದದ್ದನ್ನು ತುಂಬಿಕೊಡಬೇಕಾದ್ದು ಬ್ಯಾಂಕೇ.

ಗ್ರಾಚ್ಯುಟಿಗೆ ಹೋಗಬೇಕಾದ್ದು ಕಾರ್ಮಿಕ ಇಲಾಖೆಗೆ. ಜಿಲ್ಲೆಯ ಸಹಾಯಕ ಕಾರ್ಮಿಕ ಆಯುಕ್ತರು ಇದಕ್ಕೆ ನಿಯಂತ್ರಣ ಪ್ರಾಧಿಕಾರಿ. ಸಹಕಾರಿ ಬ್ಯಾಂಕಾದ್ದರಿಂದ ಸಹಕಾರ ಕಾಯ್ದೆಯ 70ನೇ ಕಲಂನಡಿ ನಿಬಂಧಕರ ಹತ್ತಿರ ಹೋಗಿ ಎಂದು ಯಾರಾದರೂ ಹೇಳಿದರೆ ಕೇಳಬೇಡಿ. ಗ್ರಾಚ್ಯುಟಿ ಕಾಯ್ದೆಯ 14ನೇ ಕಲಂ ಅದನ್ನು ಬೇರೆ ಕಾನೂನುಗಳ ಮೇಲೆ ನಿಲ್ಲಿಸಿದೆ. ಬ್ಯಾಂಕಿಗೆ ಹೊರ ರಾಜ್ಯದಲ್ಲೂ ಶಾಖೆ ಇದ್ದರೆ ಮಾತ್ರ ಕೇಂದ್ರ ಸರ್ಕಾರದ ಕಾರ್ಮಿಕ ಅಧಿಕಾರಿಯ ಹತ್ತಿರ ಹೋಗಬೇಕಾಗುತ್ತದೆ.

ಮೊದಲು ಬ್ಯಾಂಕಿಗೆ ‘ಐ’ ನಮೂನೆಯಲ್ಲಿ ಅರ್ಜಿ ಕೊಡಿ. ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಅವರು ಕಡಿಮೆ ಕೊಟ್ಟರೆ ಅಥವಾ ಸುಮ್ಮನಿದ್ದರೆ ಪ್ರಾಧಿಕಾರಿಗೆ ‘ಎನ್’ ನಮೂನೆ. ಇದಕ್ಕೆ 90 ದಿನದ ಗಡುವಿದೆ. ದಾಟಿದ್ದರೆ ಹೆದರಬೇಡಿ, ಜೊತೆಗೆ ವಿಳಂಬ ಮನ್ನಾ ಅರ್ಜಿ ಹಾಕಿ. ಬ್ಯಾಂಕು ಇವತ್ತು ನಾಳೆ ಎಂದು ಅಲೆಸಿದ ಪತ್ರಗಳೇ ಅದಕ್ಕೆ ಕಾರಣ. ಬ್ಯಾಂಕಿಗೆ ಕೊಡುವ ಅರ್ಜಿ ತಡವಾಯಿತು ಎಂದು ಹಕ್ಕು ಹೋಗುವುದಿಲ್ಲ ಎಂದು ನಿಯಮದಲ್ಲೇ ಇದೆ.

ಆದೇಶ ನಿಮ್ಮ ಪರ ಆದರೆ ಬ್ಯಾಂಕು ಮೇಲ್ಮನವಿ ಹೋಗಬಹುದು. 60 ದಿನ, ಕಾರಣ ಇದ್ದರೆ ಇನ್ನೂ 60 ದಿನ. ಆದರೆ ಗ್ರಾಚ್ಯುಟಿ ಮೊತ್ತವನ್ನು ಠೇವಣಿ ಇಡದೆ ಮೇಲ್ಮನವಿ ದಾಖಲೇ ಆಗುವುದಿಲ್ಲ. ಈ ಒಂದು ಷರತ್ತಿನಿಂದ ಎಷ್ಟೋ ಬ್ಯಾಂಕುಗಳು ಅಲ್ಲಿಗೇ ಸುಮ್ಮನಾಗುತ್ತವೆ. ಮೇಲ್ಮನವಿಯೂ ಇಲ್ಲ, ಹಣವೂ ಇಲ್ಲ ಎಂದರೆ ಪ್ರಾಧಿಕಾರಿಯಿಂದ ವಸೂಲಿ ಪ್ರಮಾಣಪತ್ರ ತೆಗೆಸಿ. ಅದು ಜಿಲ್ಲಾಧಿಕಾರಿಗೆ ಹೋಗಿ ಭೂ ಕಂದಾಯದ ಬಾಕಿಯ ಹಾಗೆ ವಸೂಲಾಗುತ್ತದೆ.

ರಜೆ ಹಣದ ದಾರಿ ಬೇರೆ. ಅದು ಬರುವುದು ಬ್ಯಾಂಕಿನ ಸೇವಾ ನಿಯಮದಿಂದ. ಮೊದಲಾದರೆ ಇಂಥದ್ದಕ್ಕೆ ಕಾರ್ಮಿಕ ನ್ಯಾಯಾಲಯಕ್ಕೆ ಹೋಗುತ್ತಿದ್ದರು. ಸಹಕಾರ ಕಾಯ್ದೆಯ 70ನೇ ಕಲಂ ತಿದ್ದುಪಡಿ ಆಗಿ, 2000ದ ಜೂನ್ 20ರಿಂದ ಸಹಕಾರಿ ನೌಕರರ ಸೇವಾ ವಿವಾದ ನಿಬಂಧಕರ ಮುಂದೆಯೇ ಹೋಗಬೇಕು. ಬಿಜಾಪುರ ಹಾಲು ಉತ್ಪಾದಕರ ಒಕ್ಕೂಟದ ಪ್ರಕರಣದಲ್ಲಿ 2007ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಚಿತ ಮಾಡಿತು. ಹಾಗಾಗಿ ರಜೆ ಹಣಕ್ಕೆ 70ರ ದಾವೆ ಹಾಕಿ, ಬಡ್ಡಿಯನ್ನೂ ಕೇಳಿ, ತಡ ಮಾಡಬೇಡಿ. ಅಲ್ಲಿನ ತೀರ್ಮಾನದ ಮೇಲೆ ಕರ್ನಾಟಕ ಮೇಲ್ಮನವಿ ನ್ಯಾಯಾಧಿಕರಣಕ್ಕೆ ಹೋಗಬಹುದು. ನಿಯಮದಲ್ಲಿ ಇಲ್ಲದೆ ರಜೆ ಹಣ ತಡೆಯುವಂತಿಲ್ಲ ಎನ್ನಲು 2013ರ ಜಾರ್ಖಂಡ್ ಪ್ರಕರಣ ಒಳ್ಳೆಯ ಆಧಾರ. ಅದು ಸರ್ಕಾರಿ ನೌಕರರದ್ದಾದರೂ, ನಿವೃತ್ತಿ ಹಣ ದಾನವಲ್ಲ, ದುಡಿದವನ ಆಸ್ತಿ ಎಂಬ ತತ್ವ ನಿಮಗೂ ಒಪ್ಪುತ್ತದೆ. ನೇರ ಹೈಕೋರ್ಟಿಗೆ ರಿಟ್ ಹಾಕಲು ದುಡ್ಡು ಸುರಿಯಬೇಡಿ. ಸಹಕಾರ ಸಂಘ ಸಾಮಾನ್ಯವಾಗಿ ಸಂವಿಧಾನದ ಅರ್ಥದಲ್ಲಿ ‘ರಾಜ್ಯ’ ಅಲ್ಲ, ಮೊದಲು 70ಕ್ಕೆ ಹೋಗಿ ಎಂದು ವಾಪಸ್ ಕಳಿಸುವ ಸಂಭವವೇ ಜಾಸ್ತಿ.

ಪಿಂಚಣಿ ಕಡಿಮೆ ಬಂದಿರುವುದು ಬ್ಯಾಂಕಿನ ಮೋಸ ಇರಲಿಕ್ಕಿಲ್ಲ. 1995ರ ನೌಕರರ ಪಿಂಚಣಿ ಯೋಜನೆಯಲ್ಲಿ ಪೂರ್ತಿ ಸಂಬಳ ಹಿಡಿಯುವುದಿಲ್ಲ. 2014ರ ಆಗಸ್ಟ್‌ವರೆಗೆ 6,500, ಆಮೇಲೆ 15,000 ಎಂಬ ಮಿತಿ. ಅದನ್ನು ಸೇವಾ ವರ್ಷಕ್ಕೆ ಗುಣಿಸಿ 70ರಿಂದ ಭಾಗಿಸುತ್ತಾರೆ. ಸೇವಾ ವರ್ಷ ಸರಿಯಾಗಿ ಹಿಡಿದಿದ್ದಾರೆಯೇ ಎಂದು ಮಾತ್ರ ಪಿಪಿಒದಲ್ಲಿ (ಪಿಂಚಣಿ ಪಾವತಿ ಆದೇಶದಲ್ಲಿ) ನೋಡಿ. ತಪ್ಪಿದ್ದರೆ ದೂರು ಪಿಎಫ್ ಕಚೇರಿಗೆ, ಬ್ಯಾಂಕಿಗಲ್ಲ.

ಇದನ್ನು ಓದುವ, ಇನ್ನೂ ಸೇವೆಯಲ್ಲಿರುವವರಿಗೆ ಒಂದು ಮಾತು. 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ ಜಾರಿಗೆ ಬಂದು ಹಳೇ ಗ್ರಾಚ್ಯುಟಿ ಕಾಯ್ದೆಯ ಜಾಗ ತೆಗೆದುಕೊಂಡಿದೆ. ಭತ್ಯೆಗಳು ಒಟ್ಟು ಸಂಬಳದ ಅರ್ಧ ಮೀರಿದರೆ ಮೀರಿದ ಭಾಗವೂ ಈಗ ವೇತನಕ್ಕೆ ಸೇರುತ್ತದೆ. ಪತ್ರ ಬರೆದವರ ಹಕ್ಕು ಹುಟ್ಟಿದ್ದು 2024ರಲ್ಲಿ, ಹಾಗಾಗಿ ಅವರಿಗೆ ಮೇಲೆ ಹೇಳಿದ ಲೆಕ್ಕವೇ.

ಇನ್ನು ಆ ವೋಚರ್. ಹಾಗೆ ಸಹಿ ಮಾಡಿದರೂ ಕಾಯ್ದೆ ಕೊಟ್ಟ ಹಕ್ಕು ಹೋಗುವುದಿಲ್ಲ. ಆದರೆ ಆ ಕಾಗದ ಹಿಡಿದು ಬ್ಯಾಂಕು ಒಂದು ವರ್ಷ ಎಳೆದಾಡುತ್ತದೆ. ಭಾಗಶಃ ಹಣ ಕೊಡಲು ಬಂದರೆ ಬೇಡ ಎನ್ನಬೇಡಿ, ನಿಮ್ಮ ಹಣವೇ ಅದು. ಸ್ಟ್ಯಾಂಪಿನ ಮೇಲ್ಗಡೆ ಕೈಬರಹದಲ್ಲಿ ‘ಇದು ಭಾಗಶಃ ಪಾವತಿ, ನನ್ನ ಪೂರ್ತಿ ಕ್ಲೇಮಿನ ಹಕ್ಕು ಕಾಯ್ದಿರಿಸಿ, ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದು, ತಾರೀಕು ಹಾಕಿ, ಆಮೇಲೆ ಸಹಿ ಮಾಡಿ. ಕೌಂಟರಿನಿಂದ ಏಳುವ ಮುಂಚೆ ಮೊಬೈಲಿನಲ್ಲಿ ಅದರ ಫೋಟೋ ತೆಗೆದುಕೊಳ್ಳಿ. ಹಾಗೆ ಬರೆಯಲು ಬಿಡುವುದಿಲ್ಲ ಎಂದರೆ ಎದ್ದು ಬನ್ನಿ, ಆ ದಿನವೇ ನಡೆದದ್ದನ್ನು ಪತ್ರದಲ್ಲಿ ಬರೆದು ಸ್ಪೀಡ್ ಪೋಸ್ಟ್ ಮಾಡಿ. ‘ಎನ್’ ನಮೂನೆಯ ಜೊತೆ ಲಗತ್ತಿಸಲು ಅದೂ ಒಂದು ದಾಖಲೆ.